ಹತ್ತು ನಿಮಿಷದ ತೀರ್ಪು

ಪತ್ರ: ಮಾನ್ಯ ಸಂಪಾದಕರೇ, ಒಂಬತ್ತನೇ ತರಗತಿ ಮುಗಿಸಿದ ನನ್ನ ಮೊಮ್ಮಗ ರಜೆಗೆಂದು ಊರಿಗೆ ಬಂದಿದ್ದಾನೆ. ಮೂರು ಹೊತ್ತೂ ಮೊಬೈಲ್. 'ಬುಲ್ಲಿ' ಎಂಬ ಆಟವಂತೆ. ಬೆನ್ನ ಹಿಂದೆ ನಿಂತು ಹತ್ತು ನಿಮಿಷ ನೋಡಿದೆ, ಸಾಕಾಯಿತು. ಯೂನಿಫಾರ್ಮ್ ತೊಟ್ಟ ಹುಡುಗ ಸಹಪಾಠಿಗೆ ಕ್ಯಾಟರ್‌ಬಿಲ್ಲಿನಿಂದ ಹೊಡೆಯುತ್ತಾನೆ, ಶಾಲೆಯೊಳಗೇ ಪಟಾಕಿ ಎಸೆಯುತ್ತಾನೆ. ಮೇಷ್ಟ್ರು ಒಬ್ಬ ಕುಡುಕ, ಅಡುಗೆಯವಳು ಗಲೀಜು, ಹೆಡ್ ಮಾಸ್ಟರ್ ಒಬ್ಬ ಬೆಪ್ಪ. ಇದನ್ನು ನೋಡಿ ನಮ್ಮ ಹುಡುಗ ಬಿದ್ದು ಬಿದ್ದು ನಗುತ್ತಾನೆ. ಆಯುಷ್ಯವೆಲ್ಲ ಪಾಠ ಹೇಳಿದ ನನಗೆ ಕರುಳು ಕಿವುಚಿದಂತಾಯಿತು. ಇಂಥವನ್ನು ನಿಷೇಧಿಸಿ ಎಂದು ನಿಮ್ಮ ಪತ್ರಿಕೆ ಯಾಕೆ ಬರೆಯುವುದಿಲ್ಲ?
— ನಿವೃತ್ತ ಮುಖ್ಯೋಪಾಧ್ಯಾಯ, ಶಿವಮೊಗ್ಗ ಜಿಲ್ಲೆ

ಉತ್ತರ: ಮೇಷ್ಟ್ರೇ, ಹೆಸರು ಹಾಕಬೇಡಿ ಎಂದಿರಿ, ಹಾಕಿಲ್ಲ. ಪತ್ರವನ್ನು ಮೊಟಕು ಮಾಡಿದ್ದೇನೆ, ಸಿಟ್ಟನ್ನು ಮುಟ್ಟಿಲ್ಲ. ನಿಮ್ಮ ಕೈಬರಹವನ್ನು ನಮ್ಮ ಕಚೇರಿಯಲ್ಲಿ ಎಲ್ಲರೂ ಮೇಜಿನಿಂದ ಮೇಜಿಗೆ ದಾಟಿಸಿ ನೋಡಿದರು. ಒತ್ತಕ್ಷರ ಒಂದೂ ಜಾರಿಲ್ಲ. ನಿಮ್ಮ ಕೈಯಲ್ಲಿ ಕಲಿತವರು ಪುಣ್ಯವಂತರು.

ಮೂರು ಹೊತ್ತೂ ಮೊಬೈಲ್ ಹಿಡಿಯುವುದು ಒಳ್ಳೆಯದಲ್ಲ, ಅದರಲ್ಲಿ ಎರಡು ಮಾತಿಲ್ಲ. ಅಮೆರಿಕದಲ್ಲಿ ಈ ಆಟಕ್ಕೆ ಹದಿಮೂರು ದಾಟಿದವರಿಗೆ ಎಂಬ ಮುದ್ರೆ ಒತ್ತಿದ್ದಾರೆ. ನಿಮ್ಮ ಮೊಮ್ಮಗ ಆ ಗೆರೆ ದಾಟಿದ್ದಾನೆ, ಆದರೆ ಸಣ್ಣ ಮಕ್ಕಳು ಪಕ್ಕದಲ್ಲಿ ಕೂತಿದ್ದರೆ ಎಬ್ಬಿಸಿ ಕಳಿಸಿ. ರಾತ್ರಿ ಊಟವಾದ ಮೇಲೆ ಫೋನ್ ಕಸಿದಿಡಿ, ಬೈದುಕೊಂಡರೆ ಬೈದುಕೊಳ್ಳಲಿ. ಇಷ್ಟರ ಮಟ್ಟಿಗೆ ನಾನು ನಿಮ್ಮ ಕಡೆ. ಇನ್ನು ಮುಂದೆ ಅವನ ಕಡೆ.

ಯಾಕೆಂದರೆ ನಾನು ಈ ಆಟವನ್ನು ಮೊದಲಿನಿಂದ ಕೊನೆಯವರೆಗೆ ನೋಡಿದ್ದೇನೆ. ನನ್ನ ಅಕ್ಕನ ಮೊಮ್ಮಗ ಆಡುತ್ತಿದ್ದ, ಪಕ್ಕದಲ್ಲಿ ಕೂತೆ. ಹೊಡೆದಾಟ ನನ್ನ ಬೆರಳಿಗೆ ಒಗ್ಗಲಿಲ್ಲ, ಅದು ಬಂದಾಗ ಫೋನ್ ಅವನ ಕೈಗೆ. ಕ್ಲಾಸಿನ ಗಂಟೆ ಹೊಡೆದಾಗ ನಾನು ಕಸಿದುಕೊಳ್ಳುತ್ತಿದ್ದೆ. ಹೌದು, ಇದರಲ್ಲಿ ಕ್ಲಾಸಿದೆ. ಬೆಳಗ್ಗೆ ಒಂದು, ಮಧ್ಯಾಹ್ನ ಒಂದು. ಚಕ್ಕರ್ ಹೊಡೆದು ಅಲೆದರೆ ಪ್ರಿಫೆಕ್ಟುಗಳು, ಅಂದರೆ ಶಿಸ್ತು ಕಾಯುವ ಹಿರಿಯ ವಿದ್ಯಾರ್ಥಿಗಳು, ಅಟ್ಟಿಸಿಕೊಂಡು ಬಂದು ಕಾಲರ್ ಹಿಡಿಯುತ್ತಾರೆ. ಇಂಗ್ಲಿಷ್ ಕ್ಲಾಸಿನಲ್ಲಿ ಕಲಸಿಟ್ಟ ಅಕ್ಷರಗಳಿಂದ ಗಡಿಯಾರ ಮುಗಿಯುವುದರೊಳಗೆ ಪದ ಕಟ್ಟಬೇಕು. ಅದರಲ್ಲಿ ನಾನು ಪಾಸು. ಪಾಸಾದರೆ ಸಿಗುವ ಬಹುಮಾನ ಏನು ಗೊತ್ತೆ? ನಾಯಕನಿಗೆ ಕ್ಷಮೆ ಕೇಳಲು ಒಳ್ಳೆಯ ಮಾತು ಬರುತ್ತದೆ. ಹಾಗೆಯೇ ಮೂದಲಿಸಲೂ ಬರುತ್ತದೆ. ಭಾಷೆ ಕಲಿತವನಿಗೆ ಏನು ದಕ್ಕುತ್ತದೆ ಎಂಬುದನ್ನು ಇಷ್ಟು ನೇರವಾಗಿ ಹೇಳಿದ ಪಠ್ಯಪುಸ್ತಕ ನಾನಂತೂ ನೋಡಿಲ್ಲ. ರಸಾಯನಶಾಸ್ತ್ರ ಪಾಸಾದರೆ ಪಟಾಕಿ, ನಾರುವ ಗೋಲಿ, ತುರಿಕೆ ಪುಡಿ ಮಾಡುವ ವಿದ್ಯೆ. ನೀವು ನೋಡಿದ ಆ ಪಟಾಕಿ ಪುಕ್ಕಟೆ ಬಂದದ್ದಲ್ಲ ಮೇಷ್ಟ್ರೇ, ಹುಡುಗ ಲ್ಯಾಬಿನಲ್ಲಿ ಕೂತು ಗಳಿಸಿದ್ದು.

ಕಥೆ ಹೀಗೆ. ಜಿಮ್ಮಿ ಹಾಪ್‌ಕಿನ್ಸ್ ಎಂಬ ಹದಿನೈದರ ಹುಡುಗ, ಹಲವು ಶಾಲೆಗಳಿಂದ ಹೊರದಬ್ಬಿಸಿಕೊಂಡವನು. ತಾಯಿಗೆ ಮತ್ತೊಂದು ಮದುವೆ, ಹೊಸ ಗಂಡನ ಜತೆ ವರ್ಷದುದ್ದದ ಮಧುಚಂದ್ರ. ಹೋಗುವ ದಾರಿಯಲ್ಲಿ ಮಗನನ್ನು ಬುಲ್ವರ್ತ್ ಅಕಾಡೆಮಿ ಎಂಬ ಬೋರ್ಡಿಂಗ್ ಶಾಲೆಯ ಗೇಟಿನ ಮುಂದೆ ಇಳಿಸಿ ಕಾರು ಹೊರಟೇಹೋಗುತ್ತದೆ. ಶಾಲೆ ಅಮೆರಿಕದ ನ್ಯೂ ಇಂಗ್ಲೆಂಡ್ ಕಡೆಯದು. ಹಳೇ ಇಟ್ಟಿಗೆ ಕಟ್ಟಡ, ಲ್ಯಾಟಿನ್ ಧ್ಯೇಯವಾಕ್ಯ. 'ಕಾನಿಸ್ ಕಾನೆಮ್ ಎಡಿಟ್', ನಾಯಿ ನಾಯಿಯನ್ನು ತಿನ್ನುತ್ತದೆ ಎಂದು. ಆ ಹೆಡ್ ಮಾಸ್ಟರ್ ಕ್ರಾಬಲ್‌ಸ್ನಿಚ್ ಮಕ್ಕಳು ಮಕ್ಕಳನ್ನು ಹಿಂಸಿಸುವುದನ್ನು ಶಾಲೆಯ ಹುರುಪು ಎಂದುಕೊಂಡವರು. ಶ್ರೀಮಂತ ಹುಡುಗರ ಗುಂಪು, ಪುಸ್ತಕದ ಹುಳುಗಳ ಗುಂಪು, ಎಣ್ಣೆ ಹಚ್ಚಿ ಬೈಕು ತಿದ್ದುವವರ ಗುಂಪು, ಫುಟ್‌ಬಾಲಿನವರ ಗುಂಪು. ಎಲ್ಲರನ್ನೂ ಸೋಲಿಸಿ ಜಿಮ್ಮಿ ಶಾಲೆಗೆ ರಾಜನಾಗುತ್ತಾನೆ, ತಲೆ ತಿರುಗುತ್ತದೆ, ಗೆಳೆಯನೆಂದು ನಂಬಿದ ಗ್ಯಾರಿ ಮಾಡಿದ ಪಿತೂರಿಗೆ ಸಿಕ್ಕಿ ಎಲ್ಲವನ್ನೂ ಕಳೆದುಕೊಂಡು ಬೀದಿಗೆ ಬೀಳುತ್ತಾನೆ. ರಾಜನಾದಲ್ಲಿಗೆ ಕಥೆ ಮುಗಿಸದೆ ಬೀಳಿಸಿ ತೋರಿಸಿದ್ದು ನನಗೆ ಹಿಡಿಸಿತು.

ನೀವು ಕಂಡ ಕುಡುಕ ಮೇಷ್ಟ್ರ ಹೆಸರು ಗ್ಯಾಲೋವೆ, ಇಂಗ್ಲಿಷ್ ಹೇಳುವವರು. ಮುಂದೆ ಅವರನ್ನು ಕುಡಿತದ ಕಾರಣಕ್ಕೆ ಹುಚ್ಚಾಸ್ಪತ್ರೆಗೆ ಸೇರಿಸುತ್ತಾರೆ. ಕತ್ತಲಲ್ಲಿ ಅಲ್ಲಿಗೆ ನುಗ್ಗಿ, ಕಾವಲಿನವರ ಕಣ್ಣು ತಪ್ಪಿಸಿ, ಅವರನ್ನು ಬಿಡಿಸಿಕೊಂಡು ಬರುವವನು ಜಿಮ್ಮಿಯೇ. ಮೇಷ್ಟ್ರನ್ನು ಲೇವಡಿ ಮಾಡಲಿಕ್ಕೆ ಕಲಿಸುವ ಆಟ ಎಂಬುದಲ್ಲವೇ ನಿಮ್ಮ ಸಂಕಟ, ನಿಮ್ಮ ಮೊಮ್ಮಗ ಆ ಹಂತಕ್ಕೆ ಬಂದಾಗ ಸ್ವಲ್ಪ ಪಕ್ಕದಲ್ಲಿ ಕೂತು ಅವನ ಮುಖ ನೋಡಿ. ಇನ್ನೊಂದು ವಿಷಯ: ಈ ಆಟದಲ್ಲಿ ಹುಡುಗಿಯರ ಮೇಲೋ ಪುಟ್ಟ ಮಕ್ಕಳ ಮೇಲೋ ಮೇಷ್ಟ್ರ ಮೇಲೋ ಕೈ ಎತ್ತಿದರೆ ಒಡನೆಯೇ ಅಪಾಯದ ಸೂಚಿ ಪೂರ್ತಿ ಕೆಂಪಾಗುತ್ತದೆ, ಓಡಿ ತಪ್ಪಿಸಿಕೊಳ್ಳುವುದು ಬಲು ಕಷ್ಟ. ಶಿಕ್ಷೆಯಾಗಿ ಹುಲ್ಲು ಕತ್ತರಿಸುವ ಯಂತ್ರ ತಳ್ಳಬೇಕು. ಹೊಡೆದಾಟದಲ್ಲಿ ರಕ್ತ ಹರಿಯುವುದಿಲ್ಲ, ಒಬ್ಬರೂ ಸಾಯುವುದಿಲ್ಲ. ನಮ್ಮ ಮನೆಗಳಲ್ಲಿ ಸಂಜೆ ಅಜ್ಜಿ, ಮಗ, ಸೊಸೆ, ಮೊಮ್ಮಕ್ಕಳು ಸಾಲಾಗಿ ಕೂತು ನೋಡುವ ಧಾರಾವಾಹಿಗಳಲ್ಲಿ ವಾರಕ್ಕೆಷ್ಟು ಸಲ ಹಾಲಿಗೆ ವಿಷ ಬೆರೆಸುತ್ತಾರೆ, ಅದನ್ನು ಯಾರೂ ನಿಷೇಧಿಸಿ ಎಂದು ನನಗೆ ಬರೆದಿಲ್ಲ.

ಇದೇ ಮಾತನ್ನು ನನಗಿಂತ ಮೊದಲು ಒಬ್ಬ ನ್ಯಾಯಾಧೀಶರು ಆಡಿದ್ದಾರೆ. ಆಟ ಪ್ಲೇಸ್ಟೇಷನ್ 2 ಎಂಬ ಆಟದ ಯಂತ್ರಕ್ಕೆ ಬಂದದ್ದು 2006ರ ಅಕ್ಟೋಬರಿನಲ್ಲಿ. ತಯಾರಿಸಿದ್ದು ಕೆನಡಾದ ರಾಕ್‌ಸ್ಟಾರ್ ವ್ಯಾಂಕೂವರ್. ಕಾರು ಕದಿಯುವ ಆಟದಿಂದ ಹೆಸರು ಕೆಡಿಸಿಕೊಂಡಿದ್ದ ಕಂಪನಿ ಶಾಲೆಯ ಮೇಲೆ ಆಟ ಮಾಡುತ್ತಿದೆ ಎಂಬ ಸುದ್ದಿ ಬಂದದ್ದೇ ತಡ, ಮಯಾಮಿಯ ಜಾಕ್ ಥಾಂಪ್ಸನ್ ಎಂಬ ವಕೀಲರು ಇದು 'ಕೊಲಂಬೈನ್ ಸಿಮ್ಯುಲೇಟರ್' ಎಂದು ಸಾರಿದರು. ಕೊಲಂಬೈನ್ ಎಂದರೆ 1999ರಲ್ಲಿ ಇಬ್ಬರು ವಿದ್ಯಾರ್ಥಿಗಳು ಬಂದೂಕು ಹಿಡಿದು ನುಗ್ಗಿದ ಕೊಲರಾಡೊದ ಶಾಲೆ. ಇನ್ನೂ ಮಾರುಕಟ್ಟೆಗೇ ಬಾರದ ಆಟಕ್ಕೆ ಈ ಹೆಸರು! ಅದರಲ್ಲಿ ಬಂದೂಕೇ ಇಲ್ಲ; ಆಲೂಗಡ್ಡೆ ಹಾರಿಸುವ ನಳಿಗೆ ಒಂದಿದೆ. ಬಿಡುಗಡೆ ತಡೆಯಲು ವಕೀಲರು ಕೋರ್ಟಿಗೆ ಹೋದರು. ನ್ಯಾಯಾಧೀಶ ರೊನಾಲ್ಡ್ ಫ್ರೀಡ್‌ಮನ್ ಏನು ಮಾಡಿದರು? ವಾದ ಕೇಳಿ ತೀರ್ಪು ಬರೆಯಲಿಲ್ಲ. ಆಟ ತರಿಸಿ, ಬಲ್ಲವರಿಂದ ತಮ್ಮ ಮುಂದೆಯೇ ಆಡಿಸಿ ನೋಡಿದರು. ಆಮೇಲೆ ಹೇಳಿದರು, ಹಿಂಸೆಯೇನೋ ಇದೆ, ಆದರೆ ರಾತ್ರಿ ಟೀವಿಯಲ್ಲಿ ಬರುವುದಕ್ಕಿಂತ ಕಡಿಮೆ ಎಂದು. ಬಿಡುಗಡೆ ನಿಲ್ಲಲಿಲ್ಲ. ಎರಡು ವರ್ಷದಲ್ಲಿ ಆ ವಕೀಲರ ವಕಾಲತ್ತಿನ ಪರವಾನಗಿಯನ್ನೇ ಫ್ಲೋರಿಡಾದ ಸುಪ್ರೀಂ ಕೋರ್ಟ್ ರದ್ದು ಮಾಡಿತು. ಅದಕ್ಕೆ ಕಾರಣ ಅವರ ನಡತೆ, ಈ ಆಟವಲ್ಲ. ಆದರೂ ಹೇಳದೆ ಇರಲು ಮನಸ್ಸು ಬರಲಿಲ್ಲ.

ಇಂಗ್ಲೆಂಡಿನಲ್ಲಿ ಕೆಲವು ದೊಡ್ಡ ಅಂಗಡಿಗಳು ಇದನ್ನು ಮಾರುವುದಿಲ್ಲ ಎಂದವು, ಹೆಸರು ಬದಲಾಗಿ ಅಲ್ಲಿ ಆ ಲ್ಯಾಟಿನ್ ವಾಕ್ಯವೇ ಡಬ್ಬದ ಮೇಲೆ ಬಂತು. 2008ರಲ್ಲಿ ಬ್ರೆಜಿಲಿನ ನ್ಯಾಯಾಲಯವೊಂದು ಮಾರಾಟ ನಿಷೇಧಿಸಿತು. ಆಟವೇನೂ ಸಾಯಲಿಲ್ಲ. 2016ರಲ್ಲಿ ಮೊಬೈಲಿಗೂ ಬಂತು, ಈಗ ನಿಮ್ಮ ಜಗಲಿಗೂ ಬಂದಿದೆ.

ಇಂಗ್ಲೆಂಡಿನ ಮಾತು ಬಂದಾಗ ಅಲ್ಲಿನ ಲೇಖಕ ಜಾರ್ಜ್ ಆರ್ವೆಲ್ ನೆನಪಾಗುತ್ತಾನೆ. ಬೋರ್ಡಿಂಗ್ ಶಾಲೆಯಲ್ಲಿ ಹಾಸಿಗೆ ಒದ್ದೆ ಮಾಡಿದ್ದಕ್ಕೆ ಎಂಟು ವರ್ಷದ ತನಗೆ ಚಾವಟಿ ಮುರಿಯುವಂತೆ ಹೊಡೆದದ್ದನ್ನು ಆತ ದೊಡ್ಡವನಾದ ಮೇಲೆ ಬರೆದ. ಮಾನನಷ್ಟದ ಭಯಕ್ಕೆ ಬದುಕಿರುವವರೆಗೂ ಅದು ಅಚ್ಚಾಗಲಿಲ್ಲ. 1950ರಲ್ಲಿ ತೀರಿಕೊಂಡ, 1952ರಲ್ಲಿ ಅಮೆರಿಕದಲ್ಲಿ ಅಚ್ಚಾಯಿತು, ಇಂಗ್ಲೆಂಡಿಗೆ ಬರಲು 1968 ಆಗಬೇಕಾಯಿತು. ಶಾಲೆಯ ಬಗ್ಗೆ ನಿಜ ಹೇಳುವುದು ಎಷ್ಟು ದುಬಾರಿ ನೋಡಿ. ಇತ್ತ ನಮ್ಮ ಮೈಸೂರಿನ ಆರ್.ಕೆ. ನಾರಾಯಣರ ಕಾದಂಬರಿಯ ಹುಡುಗ ಸ್ವಾಮಿ, ಹೆಡ್ ಮಾಸ್ಟರ ಕೈಯ ಬೆತ್ತವನ್ನೇ ಕಿತ್ತೆಸೆದು ಓಡಿಹೋದವನು, 1935ರಷ್ಟು ಹಿಂದೆಯೇ! ಶಂಕರ್ ನಾಗ್ ಅವನನ್ನು ಆಗುಂಬೆಗೆ ಕರೆತಂದು ಟೀವಿಯಲ್ಲಿ ತೋರಿಸಿದಾಗ ಊರಿಗೆ ಊರೇ ಮುದ್ದು ಮಾಡಿತು. ನಿಮ್ಮ ಜಿಲ್ಲೆಯದೇ ಆಗುಂಬೆ. ನೀವೂ ನೋಡಿ ನಕ್ಕಿರುತ್ತೀರಿ. ಸ್ವಾಮಿಗೆ ಸಿಕ್ಕ ಆ ನಗು ಜಿಮ್ಮಿಗೆ ಯಾಕಿಲ್ಲ?

ಉತ್ತರ ನನಗೆ ಗೊತ್ತಿದೆ ಅನಿಸುತ್ತದೆ, ಹೇಳಿದರೆ ನಿಮಗೆ ಕೋಪ ಬರಬಹುದು. ಈ ಆಟದಲ್ಲಿ ಹುಡುಗರ ಪುಂಡಾಟಕ್ಕಿಂತ ಹೆಚ್ಚು ಬಯಲಾಗುವುದು ದೊಡ್ಡವರ ಬಂಡವಾಳ. ಬುಲ್ವರ್ತ್‌ನಲ್ಲಿ ಬರ್ಟನ್ ಎಂಬ ವ್ಯಾಯಾಮದ ಮೇಷ್ಟ್ರಿದ್ದಾರೆ. ಜೋಯಿ ಎಂಬ ಹುಡುಗಿಯ ಮೇಲೆ ಅವರು ಕಣ್ಣು ಹಾಕಿದರು, ಅವಳು ದೂರು ಕೊಟ್ಟಳು. ಶಾಲೆ ಯಾರನ್ನು ಹೊರಹಾಕಿತು? ಅವಳನ್ನು. ಜಿಮ್ಮಿಗೆ ಅವಳು ಸಿಗುವುದು ಕಥೆ ಕೊನೆಯ ಭಾಗಕ್ಕೆ ಬಂದಾಗ, ಶಾಲೆಯ ಹೊರಗೆ, ಊರಿನ ಬಡವರ ಬೀದಿಯಲ್ಲಿ. ಕಥೆ ಮುಗಿಯುವಾಗ ಬರ್ಟನ್ ಕೆಲಸ ಹೋಗುತ್ತದೆ, ಜೋಯಿ ಶಾಲೆಗೆ ಮರಳುತ್ತಾಳೆ. ಅಕ್ಕನ ಮೊಮ್ಮಗ ಅಲ್ಲಿಗೆ ಬಂದಾಗ ಫೋನ್ ಮಡಿಲಲ್ಲಿಟ್ಟುಕೊಂಡು ಕೇಳಿದ, "ಅಜ್ಜ, ದೂರು ಕೊಟ್ಟವಳನ್ನೇ ಯಾಕೆ ಕಳಿಸಿದ್ರು?" ನಿಮ್ಮ ವೃತ್ತಿಯಲ್ಲಿ ಈ ಪ್ರಶ್ನೆಗೆ ನೀವು ಏನು ಉತ್ತರ ಕೊಡುತ್ತಿದ್ದಿರಿ ಎಂದು ತಿಳಿಯುವ ಆಸೆ. ನನಗೆ ಆ ಹೊತ್ತಿಗೆ ಕಾಫಿ ತಣ್ಣಗಾಗುತ್ತಿದೆ ಎಂದು ಎದ್ದುಹೋಗುವುದೇ ಸುಲಭವೆನಿಸಿತು.

ನಾನು ಓದಿದ ಶಾಲೆಯಲ್ಲಿ ತಡವಾಗಿ ಬಂದವರನ್ನು ಜಲ್ಲಿಕಲ್ಲಿನ ಮೇಲೆ ಮಂಡಿಯೂರಿಸುತ್ತಿದ್ದರು. ಮೇಷ್ಟ್ರು ಇಲ್ಲದಾಗ ಕ್ಲಾಸ್ ಲೀಡರ್ ಕರಿಹಲಗೆಯ ಮೂಲೆಯಲ್ಲಿ ಗಲಾಟೆ ಮಾಡಿದವರ ಹೆಸರು ಬರೆಯುತ್ತಿದ್ದ. ಹುಣಸೆಹಣ್ಣೋ ಪೆನ್ಸಿಲ್ಲೋ ಕೊಟ್ಟರೆ ಅಳಿಸುತ್ತಿದ್ದ. ಬುಲ್ವರ್ತ್‌ನ ಪ್ರಿಫೆಕ್ಟುಗಳನ್ನು ಕಂಡೊಡನೆ ನನಗೆ ಅವನ ಮುಖವೇ ಕಂಡಿತು. ಆಗ ನಮ್ಮನ್ನು ಕಾಪಾಡಿದ್ದು ನೀತಿಪಾಠವಲ್ಲ. ಶಾಲೆಯ ಹಿತ್ತಲಲ್ಲಿ, ಹೊಂಗೆ ಮರದ ಕೆಳಗೆ, ಡ್ರಿಲ್ ಮಾಸ್ಟರ ನಡಿಗೆಯನ್ನೂ ಪೀಪಿಯನ್ನೂ ಅಣಕಿಸುತ್ತಿದ್ದ ಒಬ್ಬ ಹುಡುಗ. ಮಂಡಿ ತರಚಿದವರೆಲ್ಲ ಅವನ ಸುತ್ತ ಕೂತು ಹೊಟ್ಟೆ ಹಿಡಿದು ನಗುತ್ತಿದ್ದೆವು. ಅದು ಅಗೌರವವೆನ್ನಿ, ಇನ್ನೇನಾದರೂ ಅನ್ನಿ. 2009ರ ಶಿಕ್ಷಣ ಹಕ್ಕು ಕಾಯ್ದೆಯ 17ನೇ ಕಲಂ ಮಕ್ಕಳಿಗೆ ದೈಹಿಕ ಶಿಕ್ಷೆಯನ್ನೂ ಮಾನಸಿಕ ಹಿಂಸೆಯನ್ನೂ ನಿಷೇಧಿಸಿದೆ. ನಮ್ಮ ಕಾಲದಲ್ಲಿ ಕಲಂ ಇರಲಿಲ್ಲ, ಅಣಕವೇ ಇದ್ದದ್ದು.

ಇನ್ನು ನನ್ನ ಸ್ವಂತ ಗೋಳು. ನಮ್ಮ ಮಕ್ಕಳ ಪುಟಕ್ಕೆ ಬರುವ ಕಥೆಗಳ ಕಟ್ಟನ್ನು ಒಮ್ಮೆ ನಿಮಗೆ ತೋರಿಸಬೇಕು. ರಾಮು ಎಂಬ ಬಡ ಹುಡುಗ. ದಾರಿಯಲ್ಲಿ ಪರ್ಸು ಸಿಗುತ್ತದೆ. ಹೆಡ್ ಮಾಸ್ಟರಿಗೆ ಕೊಡುತ್ತಾನೆ. ಮಾರನೇ ದಿನ ಪ್ರಾರ್ಥನೆಯಲ್ಲಿ ಚಪ್ಪಾಳೆ. ಪರ್ಸಿನ ಬದಲು ಒಮ್ಮೊಮ್ಮೆ ಚಿನ್ನದ ಸರ. ಇದನ್ನು ಬರೆಯುವವರು ಮಕ್ಕಳಲ್ಲ ಎಂಬುದು ಮೊದಲ ಸಾಲಿಗೇ ಗೊತ್ತಾಗುತ್ತದೆ. ಬರೆಯುವವರು ನಿಮ್ಮಂಥ, ನನ್ನಂಥ ಹಿರಿಯರು. ಆ ಶಾಲೆಗಳಲ್ಲಿ ಮೂತ್ರಾಲಯ ನಾರುವುದಿಲ್ಲ, ಯಾರೂ ಯಾರ ಡಬ್ಬಿಯನ್ನೂ ಕದಿಯುವುದಿಲ್ಲ, ಮೇಷ್ಟ್ರು ಮೊಬೈಲ್ ನೋಡುತ್ತಾ ಕೂರುವುದಿಲ್ಲ. ನಿಜವಾದ ಹುಡುಗ ಇದನ್ನು ಎರಡು ಸಾಲು ಓದಿ ಪಕ್ಕಕ್ಕಿಟ್ಟು ಫೋನ್ ಕೈಗೆತ್ತಿಕೊಳ್ಳುತ್ತಾನೆ. ಅಲ್ಲಿ ಅವನಿಗೊಂದು ಶಾಲೆ ಸಿಗುತ್ತದೆ, ಅದರ ಕ್ಯಾಂಟೀನ್ ಗಲೀಜಾಗಿದೆ, ದೊಡ್ಡ ಹುಡುಗರು ಸಣ್ಣವರನ್ನು ಗೋಳು ಹೊಯ್ದುಕೊಳ್ಳುತ್ತಾರೆ. ಅವನು ನಗುತ್ತಾನೆ. ಗುರುತು ಹತ್ತಿತಲ್ಲ, ಅದಕ್ಕೆ. ಆಮೇಲೆ ನಾವು ಸಮ್ಮೇಳನಗಳಲ್ಲಿ ನಿಂತು 'ಮಕ್ಕಳು ಕನ್ನಡ ಓದುತ್ತಿಲ್ಲ' ಎಂದು ಠರಾವು ಮಂಡಿಸುತ್ತೇವೆ, ಮಧ್ಯಾಹ್ನ ಹೋಳಿಗೆ ಊಟ ಮಾಡಿ ಮನೆಗೆ ಬರುತ್ತೇವೆ.

ನಿಷೇಧಿಸಿ ಎಂದು ನನಗೆ ಬರುವ ಪತ್ರಗಳಲ್ಲಿ ಮುಕ್ಕಾಲು ಪಾಲು ವಸ್ತುವನ್ನು ನೋಡದವರವು, ಓದದವರವು. ಕಾದಂಬರಿ ಬೇಡ ಎನ್ನುವವರು ಯಾರೋ ಕಳಿಸಿದ ಒಂದು ಪುಟದ ಫೋಟೋ ಓದಿರುತ್ತಾರೆ, ಅಷ್ಟೆ. ವಿಮರ್ಶಕರೂ ಕಡಿಮೆಯಿಲ್ಲ, ಬೆನ್ನುಡಿಯನ್ನೇ ಹಿಗ್ಗಿಸಿ ಎರಡು ಕಾಲಂ ಮಾಡಿ ಕಳಿಸುವವರನ್ನು ನಾನು ಬಲ್ಲೆ, ಸಂಭಾವನೆಗೆ ಫೋನ್ ಮಾಡುವವರೂ ಅವರೇ ಮೊದಲು. ನೀವು ಅವರ ಸಾಲಿಗೆ ಸೇರಿದವರಲ್ಲ. ಹತ್ತು ನಿಮಿಷ ನೋಡಿದೆ ಎಂದು ಬಾಯಿಬಿಟ್ಟು ಬರೆದಿದ್ದೀರಿ, ಇಷ್ಟು ಪ್ರಾಮಾಣಿಕತೆ ನನ್ನ ಅಂಚೆಯಲ್ಲಿ ಅಪರೂಪ. ಆದರೆ ಮೇಷ್ಟ್ರೇ, ಉತ್ತರಪತ್ರಿಕೆಯ ಮೊದಲ ಪುಟ ಮಾತ್ರ ನೋಡಿ ಅಂಕ ಹಾಕುವ ಸಹೋದ್ಯೋಗಿಯನ್ನು ನೀವು ಸುಮ್ಮನೆ ಬಿಡುತ್ತಿದ್ದಿರಾ?

ಶಾಲೆ ಶುರುವಾಗಲು ಇನ್ನೂ ಸಮಯವಿದೆ. ಮೊಮ್ಮಗನ ಪಕ್ಕದಲ್ಲಿ ಕೂತು ಕೊನೆಯವರೆಗೆ ನೋಡಿ. ಇಂಗ್ಲಿಷ್ ಕ್ಲಾಸ್ ಬಂದಾಗ ಫೋನ್ ಕೇಳಿ ಪಡೆಯಿರಿ, ಅವನಿಗಿಂತ ನೀವೇ ಬೇಗ ಪದ ಕಟ್ಟುತ್ತೀರಿ. ನೋಡಿದ ಮೇಲೂ ನಿಷೇಧವಾಗಬೇಕು ಎನಿಸಿದರೆ ಬರೆಯಿರಿ, ಎಷ್ಟೇ ಉದ್ದವಿದ್ದರೂ ಒಂದಕ್ಷರ ಕತ್ತರಿಸದೆ ಹಾಕುತ್ತೇನೆ. ಜತೆಗೊಂದು ಬೇಡಿಕೆ. ನಿಮ್ಮ ಮೊಮ್ಮಗ ತನ್ನ ಶಾಲೆಯ ಬಗ್ಗೆ, ಇದ್ದದ್ದು ಇದ್ದ ಹಾಗೆ, ಎರಡು ಪುಟ ಬರೆದು ಕಳಿಸಲಿ. ನಮ್ಮ ಮಕ್ಕಳ ಪುಟದಲ್ಲಿ ರಾಮುವಿನ ಜಾಗ ಖಾಲಿ ಮಾಡಿಸಿ ಅವನಿಗೆ ಕೊಡುತ್ತೇನೆ. ಒಂದೇ ಷರತ್ತು: ಅಂಚೆಗೆ ಹಾಕುವ ಮುನ್ನ ನೀವು ಓದಕೂಡದು, ತಿದ್ದಕೂಡದು. ಕಾಗುಣಿತ ನಾವು ನೋಡಿಕೊಳ್ಳುತ್ತೇವೆ.