'ಏನೀಗ?' ಅಂದವರಿಗೆ ಏನನ್ನಬೇಕು?

ಹುಬ್ಬಳ್ಳಿಯಿಂದ ಬೆಂಗಳೂರಿಗೆ ಬಂದು ಮೂರು ತಿಂಗಳಾಯ್ತು, ಬಸ್ಸಲ್ಲೂ ಕ್ಯೂನಲ್ಲೂ ಎಲ್ಲರೂ ನುಗ್ಗುತ್ತಾರೆ, ನಾನು ಮಾತ್ರ ಹಿಂದೆ ಉಳಿಯುತ್ತೇನೆ ಅಂದಿದ್ದೀರಿ. ಆವಾಜ್ (ಗದರಿಕೆ), ಧಿಮಾಕು (ಸೊಕ್ಕು), ಸ್ಕೋಪ್ (ಜಂಬ), ಗಾಂಚಾಲಿ (ಕೊಬ್ಬು) ಅನ್ನೋ ಮಾತೆಲ್ಲ ಕಲಿತರೆ ಗಟ್ಟಿಯಾಗಬಹುದಾ ಅಂತ ಕೇಳಿದ್ದೀರಿ. ಮೊನ್ನೆ ರೂಮ್‌ಮೇಟ್ ನಿಮಗೇ 'ಸ್ಕೋಪ್ ತಗೋಬೇಡ' ಅಂದನಂತೆ, ಅದಕ್ಕೆ ಬೇಜಾರಾಗಿದೆ.

ಕಲಿಯಿರಿ. ಆದರೆ ಕ್ಯೂನಲ್ಲಿ ಅವು ಕೆಲಸಕ್ಕೆ ಬರೋದಿಲ್ಲ.

ನಾನು ತಿಪಟೂರು ಕಡೆಯವನು. ಇಲ್ಲಿಗೆ ಬಂದು ಇಪ್ಪತ್ತು ವರ್ಷದ ಮೇಲಾಯ್ತು. ಈ ಮಾತುಗಳ ಗುಟ್ಟು ಗೊತ್ತಾಗೋಕೆ ನನಗೂ ತುಂಬಾ ದಿನ ಬೇಕಾಯ್ತು. ಇವನ್ನು ಯಾರೂ ತಮ್ಮ ಬಗ್ಗೆ ಹೇಳಿಕೊಳ್ಳೋದಿಲ್ಲ. 'ನಾನು ಧಿಮಾಕು ಮಾಡ್ತಾ ಇದ್ದೀನಿ' ಅಂದವರನ್ನು ಕೇಳಿದ್ದೀರಾ? ಯಾವಾಗಲೂ 'ಧಿಮಾಕು ತೋರಿಸ್ತೀಯಾ', 'ಯಾರಿಗೆ ಆವಾಜ್ ಹಾಕ್ತೀಯಾ', 'ಬಿಲ್ಡಪ್ ಸಾಕು'. ಎದುರಿನವನು ಸ್ವಲ್ಪ ಎದೆ ಉಬ್ಬಿಸಿದ ಅಂದರೆ ಅವನ ಗಾಳಿ ತೆಗೆಯೋಕೆ ಇರೋ ಮಾತುಗಳು ಇವು. 'ಹವಾ' ಒಂದು ಬಿಟ್ಟು. ಅದನ್ನು ಮಾತ್ರ ಹುಡುಗರು 'ನಮ್ದೇ ಹವಾ' ಅಂತ ನಾಚಿಕೆ ಇಲ್ಲದೆ ಹೇಳಿಕೊಳ್ಳುತ್ತಾರೆ.

ಇವುಗಳ ಹುಟ್ಟು ನೋಡಿದರೆ ತಮಾಷೆ. ಧಿಮಾಕು ಅಂದರೆ ಮೂಲದಲ್ಲಿ ಮಿದುಳು, ಅದೇ 'ದಿಮಾಗ್'. ಆವಾಜ್ ಬರೀ ದನಿ. ಧಮ್ ಅಂದರೆ ಉಸಿರು, ಹವಾ ಅಂದರೆ ಗಾಳಿ. ಪಾರ್ಸಿ, ಅರಬ್ಬಿ ಪದಗಳು ಉರ್ದು ಬಾಯಲ್ಲಿ ಹಾದು ನಮ್ಮಲ್ಲಿಗೆ ಬಂದವು. ಸ್ಕೋಪು, ಬಿಲ್ಡಪ್ಪು ಇಂಗ್ಲಿಷಿನವು, ಆದರೆ ಜಂಬ ಅನ್ನೋ ಈ ಅರ್ಥ ಇಂಗ್ಲಿಷಿನವರಿಗೇ ಗೊತ್ತಿಲ್ಲ. ಊರೇ ಹಾಗಿದೆ. ಹಳೇ ಪೇಟೆ ಒಂದು ಕಡೆ, ಬ್ರಿಟಿಷರ ದಂಡು, ಅಂದರೆ ಕಂಟೋನ್ಮೆಂಟ್, ಇನ್ನೊಂದು ಕಡೆ. ಎರಡೂ ಒಂದೇ ಪಾಲಿಕೆ ಆಗಿದ್ದು 1949ರಲ್ಲಿ. ಕನ್ನಡ, ತಮಿಳು, ತೆಲುಗು, ಉರ್ದು ಎಲ್ಲಾ ಒಂದೇ ಮಾರ್ಕೆಟ್‌ನಲ್ಲಿ ಚೌಕಾಸಿ ಮಾಡಿದವು. ಆಮೇಲೆ ಜನ ಬಂದಿದ್ದೇ ಬಂದಿದ್ದು. ಬೆಂಗಳೂರು ನಗರ ಜಿಲ್ಲೆಯಲ್ಲಿ 2001ರ ಗಣತಿಗೆ ಸುಮಾರು 65 ಲಕ್ಷ ಇದ್ದವರು 2011ಕ್ಕೆ 96 ಲಕ್ಷ ಆದರು. ಜಾಗ ಮಾತ್ರ ಅಷ್ಟೇ.

ಹಾಗಾದರೆ ಜಾಗ ಹಿಡಿಯೋದು ಹೇಗೆ? ಕರೆಯೋ ಮಾತಿನಲ್ಲಿ. 'ಸಾರ್' ಅಂದರೆ ದೂರ ಇಟ್ಟ ಹಾಗೆ. 'ಬಾಸ್' ಅಂದರೆ ಸಮಸಮ. 'ಗುರು' ಅಂದರೆ ಸಲಿಗೆ, ಆದರೆ ದನಿ ಎಳೆದು 'ಏನ್ ಗುರೂ...' ಅಂದರೆ ಎಚ್ಚರಿಕೆ. 'ಮಗಾ' ಗೆಳೆಯರಿಗೆ ಮಾತ್ರ. ನಿಮಗೆ ಮುಖ್ಯವಾಗಿ ಹೇಳಬೇಕಾದ್ದು 'ಲೇ' ಬಗ್ಗೆ. ನಿಮ್ಮ ಕಡೆ ದೋಸ್ತರ ನಡುವೆ ಅದು ಪ್ರೀತಿ. ಇಲ್ಲಿ ಗುರುತಿಲ್ಲದವನಿಗೆ 'ಲೇ' ಅಂದರೆ ಮುಂದಿನ ಸ್ಟಾಪಿನಲ್ಲಿ ಇಬ್ಬರೂ ಇಳಿಯಬೇಕಾಗುತ್ತದೆ.

ಇನ್ನು 'ಏನೀಗ?'. ಬೆಂಗಳೂರಿನಲ್ಲಿ ಇದಕ್ಕಿಂತ ಚಿಕ್ಕ ಜಗಳ ಇಲ್ಲ. ನಾನು ಬಂದ ಹೊಸತರಲ್ಲಿ ಒಂದು ಬಿಲ್ ಕಟ್ಟೋ ಕ್ಯೂನಲ್ಲಿ ನಿಂತಿದ್ದೆ. ಒಬ್ಬ ಸೀದಾ ಬಂದು ನನ್ನ ಮುಂದೆ ನಿಂತ. ಧೈರ್ಯ ಮಾಡಿ 'ಲೈನಲ್ಲಿ ಬನ್ರೀ' ಅಂದೆ. ಅವನು ತಿರುಗಿ ನನ್ನನ್ನು ಮೇಲಿಂದ ಕೆಳಗೆ ನೋಡಿ 'ಏನೀಗ?' ಅಂದ. ನನಗೆ ಬಾಯಿ ಕಟ್ಟಿಹೋಯ್ತು. ರೂಮಿನಲ್ಲಿ ಕಲಿತ ಧಿಮಾಕು, ಧಮ್ಮು ಒಂದೂ ನೆನಪಿಗೆ ಬರಲಿಲ್ಲ. ಬಂದಿದ್ದರೆ ಏಟು ಬೀಳ್ತಿತ್ತೋ ಏನೋ. ನನ್ನ ಹಿಂದೆ ಒಬ್ಬರು ವಯಸ್ಸಾದ ಅಮ್ಮ ಇದ್ದರು, ಕೈಯಲ್ಲಿ ತರಕಾರಿ ಚೀಲ. ದನಿ ಒಂಚೂರೂ ಏರಿಸದೆ, 'ಏನೂ ಇಲ್ಲಪ್ಪಾ, ಹಿಂದೆ ಹೋಗಿ ನಿಂತ್ಕೋ, ಅಷ್ಟೇ' ಅಂದರು. ಅವನು ಗೊಣಗಿಕೊಂಡು ಹಿಂದೆ ಹೋದ!

ಆ 'ಪ್ಪಾ' ಇದೆಯಲ್ಲ, ಅದಕ್ಕೆ ತಿರುಗಿ ಬೈಯೋಕೆ ಆಗೋದಿಲ್ಲ. ಮಗನ ಹಾಗೆ ಕರೆದು ಜಾಗ ತೋರಿಸಿಬಿಟ್ಟರು. ನಿಮ್ಮ ವಯಸ್ಸಿಗೆ 'ಪ್ಪಾ' ಒಗ್ಗದಿದ್ದರೆ 'ಸಾರ್, ಲೈನ್ ಹಿಂದಿದೆ' ಸಾಕು. ಕೈ ಹಿಂದಕ್ಕೆ ತೋರಿಸಿ, ನಗಬೇಡಿ, ಬೈಯಲೂ ಬೇಡಿ. ಬಸ್ಸಿನಲ್ಲಿ 'ಸ್ವಲ್ಪ ಅಡ್ಜಸ್ಟ್ ಮಾಡ್ಕೊಳ್ಳಿ' ಅಂತ ಬಾಯಲ್ಲಿ ಹೇಳೋ ಹೊತ್ತಿಗೆ ಅರ್ಧ ಕೂತಿರಬೇಕು. ಪರ್ಮಿಶನ್‌ಗೆ ಕಾದರೆ ಕೊನೇ ಸ್ಟಾಪೇ ಬರುತ್ತದೆ.

ಗಾಂಚಾಲಿ ಸ್ವಲ್ಪ ಒರಟು ಮಾತು. ಆಫೀಸಿನಲ್ಲಿ, ಹಿರಿಯರ ಮುಂದೆ ಬೇಡ.

ಕೊನೆಗೆ ನಿಮ್ಮ ರೂಮ್‌ಮೇಟ್ ವಿಷಯ. ಬೇಜಾರು ಬಿಡಿ. ಗುರುತಿಲ್ಲದವರಿಗೆ ಯಾರೂ 'ಸ್ಕೋಪ್ ತಗೋಬೇಡ' ಅನ್ನೋದಿಲ್ಲ. ಮುಂದಿನ ಸಲ ಅವನು ಹೊಸ ಶರ್ಟ್ ಹಾಕಿಕೊಂಡು ಕನ್ನಡಿ ಮುಂದೆ ನಿಂತಾಗ ಅದೇ ಮಾತು ವಾಪಸ್ ಕೊಡಿ.