ಓದುಗರ ಪ್ರಶ್ನೆ: ಪಟ್ಟಿಗೆ ಸೇರಿದ ಹಳೆಯ ಬಾರ್ನ್, ಸುಣ್ಣದ ಗಾರೆ, ಅಣಬೆ ಕಲ್ಲು

ಪ್ರಶ್ನೆ: ಇಂಗ್ಲೆಂಡಿನ ಹಳ್ಳಿಯೊಂದರಲ್ಲಿ ಹಳೆಯ ಫಾರ್ಮ್‌ಹೌಸ್ ಕೊಂಡಿದ್ದೇವೆ. ಮನೆ 'ಗ್ರೇಡ್ 2' ಪಟ್ಟಿಯಲ್ಲಿದೆ, ಅಂದರೆ ಕಾನೂನಿನ ರಕ್ಷಣೆಯಿರುವ ಹಳೆಯ ಕಟ್ಟಡಗಳ ಪಟ್ಟಿಯಲ್ಲಿ. ಅಂಗಳದಾಚೆಯ ಬಾರ್ನ್ (ಬೆಳೆ ಕೂಡಿಡುವ, ಒಕ್ಕುವ ದೊಡ್ಡ ಕೊಟ್ಟಿಗೆ) ಹೆಸರು ಅದರಲ್ಲಿಲ್ಲ. ಬಾರ್ನ್‌ಗೆ ಕಿಟಕಿ ಇಡಿಸಬಹುದೇ?

ಉತ್ತರ: ಹೆಸರಿಲ್ಲವೆಂದು ಉಳಿ-ಸುತ್ತಿಗೆ ಎತ್ತಬೇಡಿ. ಇಂಥ ಕಟ್ಟಡಗಳನ್ನು ಕಾಯುವ 1990ರ ಕಾಯ್ದೆಯಂತೆ, ಪಟ್ಟಿಯಲ್ಲಿರುವ ಕಟ್ಟಡದ ಆವರಣದೊಳಗೆ 1948ರ ಜುಲೈ 1ಕ್ಕೂ ಮೊದಲಿನಿಂದ ಇರುವ ರಚನೆಗಳಿಗೂ ಅದೇ ರಕ್ಷಣೆ. ಆದರೆ 'ಆವರಣ' ಎಲ್ಲಿಗೆ ಮುಗಿಯುತ್ತದೆ ಎಂಬುದೇ ತಕರಾರಿನ ಮೂಲ. ಮನೆ ಪಟ್ಟಿಗೆ ಸೇರಿದಾಗ ಎರಡೂ ಒಬ್ಬರದೇ ಆಗಿದ್ದವೇ, ಬಾರ್ನ್ ಮನೆಯ ಬಳಕೆಗಿತ್ತೋ ಬೇಸಾಯಕ್ಕೋ ಎಂದೆಲ್ಲ ನೋಡುತ್ತಾರೆ. ಸ್ಥಳೀಯ ಯೋಜನಾ ಪ್ರಾಧಿಕಾರದ ಕನ್ಸರ್ವೇಶನ್ (ಹಳೆಯ ಕಟ್ಟಡಗಳ ಸಂರಕ್ಷಣೆ) ಅಧಿಕಾರಿಯಿಂದ ಬರವಣಿಗೆಯಲ್ಲೇ ಉತ್ತರ ಪಡೆಯಿರಿ. ಪ್ಯಾರಿಷ್ ಕೌನ್ಸಿಲ್ (ಹಳ್ಳಿಯ ಪಂಚಾಯಿತಿಯಂಥದು) ಅಭಿಪ್ರಾಯ ಹೇಳಬಹುದು, ಅನುಮತಿ ಕೊಡಲಾರದು. ಲಿಸ್ಟೆಡ್ ಬಿಲ್ಡಿಂಗ್ (ಪಟ್ಟಿಯ ಕಟ್ಟಡ) ಅನುಮತಿಯ ಅರ್ಜಿಗೆ ಶುಲ್ಕವಿಲ್ಲ. ನಿರ್ಧಾರಕ್ಕೆ ಸಾಮಾನ್ಯವಾಗಿ 8 ವಾರ. ಅನುಮತಿಯಿಲ್ಲದೆ ಕೆಲಸ ಮಾಡಿಸಿದರೆ ಅದು ಅಪರಾಧ: 2 ವರ್ಷದವರೆಗೆ ಜೈಲು, ದಂಡಕ್ಕೆ ಮಿತಿಯಿಲ್ಲ. ಇನ್ನೊಂದು ಮಾತು. ಹಿಂದಿನ ಮಾಲೀಕರು ಕದ್ದು ಮಾಡಿಸಿದ ಕೆಲಸವನ್ನು ಸರಿಪಡಿಸುವ ನೋಟಿಸ್ ನಿಮಗೂ ಬರಬಹುದು, ಅದಕ್ಕೆ ಕಾಲಮಿತಿ ಇಲ್ಲ. ಅವರು ಪಡೆದ ಅನುಮತಿ ಪತ್ರಗಳನ್ನು ಈಗಲೇ ಕೇಳಿ ಇಟ್ಟುಕೊಳ್ಳಿ.

ಪ್ರಶ್ನೆ: ಅದೇ ಬಾರ್ನ್‌ನ ಇಟ್ಟಿಗೆಗಳ ಮುಖ ಚಕ್ಕೆಯಾಗಿ ಉದುರುತ್ತಿದೆ. ಸಂದಿಗೆ ಹಿಂದೊಮ್ಮೆ ಸಿಮೆಂಟ್ ತುಂಬಿದ್ದಾರೆ. ಇನ್ನಷ್ಟು ಗಟ್ಟಿ ಸಿಮೆಂಟ್ ಹಾಕಿಸಲೇ?

ಉತ್ತರ: ಉದುರುತ್ತಿರುವುದೇ ಆ ಸಿಮೆಂಟಿನಿಂದ. ಹಳೆಯ ಇಟ್ಟಿಗೆ ಮೆದು. ಗೋಡೆ ಕುಡಿದ ನೀರು ಸುಣ್ಣದ ಸಂದಿಯಿಂದ ಆವಿಯಾಗಿ ಹೋಗುತ್ತಿತ್ತು. ಸಂದಿಯನ್ನು ಸಿಮೆಂಟ್ ಮುಚ್ಚಿದ ಮೇಲೆ ನೀರು ಇಟ್ಟಿಗೆಯ ಮುಖದಿಂದಲೇ ಹೊರಬೀಳಬೇಕು. ಚಳಿಗಾಲದಲ್ಲಿ ಅದು ಅಲ್ಲೇ ಹೆಪ್ಪುಗಟ್ಟಿ, ಹಿಗ್ಗಿ, ಮುಖವನ್ನು ಕಿತ್ತೊಗೆಯುತ್ತದೆ.

ಸಿಮೆಂಟನ್ನು ಉಳಿಯಿಂದ, ಕೈಯಲ್ಲೇ ತೆಗೆಸಿ. ಗ್ರೈಂಡರ್ ಹಚ್ಚಿದರೆ ಇಟ್ಟಿಗೆಯ ಅಂಚು ಹೋಗುತ್ತದೆ, ಮತ್ತೆ ಬರುವುದಿಲ್ಲ. ಸಿಮೆಂಟ್ ಇಟ್ಟಿಗೆಯನ್ನೇ ಕಿತ್ತುಕೊಂಡು ಬರುವ ಕಡೆ ಅದನ್ನು ಹಾಗೇ ಬಿಡುವುದು ಜಾಣತನ. ಸಂದಿಯ ಅಗಲದ ಎರಡರಷ್ಟು ಆಳಕ್ಕೆ ಕೆರೆದು, ಧೂಳು ತೆಗೆದು, ನೀರು ಚಿಮುಕಿಸಿ. ಗಾರೆಗೆ ಒಂದು ಪಾಲು ಸುಣ್ಣ, ಎರಡೂವರೆಯಿಂದ ಮೂರು ಪಾಲು ದಪ್ಪ-ಸಣ್ಣ ಕಣ ಬೆರೆತ ಒರಟು ಮರಳು. ಸಣ್ಣನೆಯ ಮೆದು ಮರಳು ಹಾಕಿದರೆ ಗಾರೆ ಕುಗ್ಗಿ ಬಿರಿಯುತ್ತದೆ. ಹೆಬ್ಬೆರಳು ಒತ್ತಿದರೆ ಗುರುತು ಬಿದ್ದೂ ಬೀಳದಂತಾದಾಗ ಗಟ್ಟಿ ಬ್ರಷ್ಷಿನ ತುದಿಯಿಂದ ಬಡಿಯಿರಿ. ಆಮೇಲೆ ಒದ್ದೆ ಗೋಣಿ ಇಳಿಬಿಟ್ಟು ಕೆಲವು ದಿನ ಆರದಂತೆ ನೋಡಿಕೊಳ್ಳಿ. ಅವಸರದಲ್ಲಿ ಒಣಗಿದ ಗಾರೆ ಪುಡಿಯಾಗುತ್ತದೆ. 5 ಡಿಗ್ರಿಗಿಂತ ಕೆಳಗಿನ ಚಳಿಯಲ್ಲಿ ಈ ಕೆಲಸ ಬೇಡ.

ಕಾಂಕ್ರೀಟ್ ಅಂಗಳ ಗೋಡೆಯ ಬುಡದ ಓಕ್ ಅಡಿದಿಮ್ಮಿಯ ಮಟ್ಟಕ್ಕೆ ಏರಿದ್ದರೆ ಅದನ್ನೂ ತಗ್ಗಿಸಿ. ಇಲ್ಲವಾದರೆ ಮರ ಮೊದಲು ಕೊಳೆಯುವುದು ಅಲ್ಲೇ.

ಪ್ರಶ್ನೆ: ಕಣಜದ ಕೆಳಗಿರುವ ಅಣಬೆಯಾಕಾರದ ಕಲ್ಲುಗಳು ಅಲಂಕಾರಕ್ಕೋ?

ಉತ್ತರ: ಇಲಿಗಳನ್ನು ತಡೆಯಲು. ಅವನ್ನು ಸ್ಟ್ಯಾಡಲ್ ಕಲ್ಲು ಎನ್ನುತ್ತಾರೆ. ಕಂಬವೇರಿದ ಇಲಿಗೆ ಮೇಲಿನ ಚಾಚಿದ ಟೋಪಿಯನ್ನು ದಾಟಲಾಗದು. ಕೆಳಗೆ ಗಾಳಿಯಾಡಿ ಧಾನ್ಯವೂ ಒಣಗಿಯೇ ಇರುತ್ತದೆ. ಹೊರಗಿನ ಮೆಟ್ಟಿಲುಗಳನ್ನು ಬಾಗಿಲಿಗೆ ತಾಗಿಸದೆ ಸ್ವಲ್ಪ ಹಿಂದೆಯೇ ನಿಲ್ಲಿಸಿರುತ್ತಾರೆ, ಕಾರಣ ಅದೇ. ಆ ಅಂತರವನ್ನು ಹಲಗೆ ಹಾಕಿ ತುಂಬಿದರೆ ಇಲಿಗೆ ಸೇತುವೆ ಕಟ್ಟಿದಂತೆ.

ಪ್ರಶ್ನೆ: ಬಾರ್ನ್‌ಗೆ ಎದುರುಬದುರು ಎರಡು ದೊಡ್ಡ ಬಾಗಿಲೇಕೆ? ಗೋಡೆಯ ನೆತ್ತಿಯಲ್ಲಿ ತೂತು ಬೇರೆ ಇದೆ.

ಉತ್ತರ: ನಡುವಿನ ಹಲಗೆ ಹಾಸಿದ ನೆಲವೇ ಒಕ್ಕಣೆಯ ಕಣ. ಎರಡೂ ಬಾಗಿಲು ತೆರೆದಾಗ ಹಾಯುವ ಗಾಳಿಗೆ ತೂರುತ್ತಿದ್ದರು. ತೂತು ಗೂಬೆಯದು, ಇಲಿ ಹಿಡಿಯಲೆಂದೇ ಬಿಟ್ಟದ್ದು. ಬಾರ್ನ್ ಗೂಬೆಗೆ 1981ರ ವನ್ಯಜೀವಿ ಕಾಯ್ದೆಯ ವಿಶೇಷ ರಕ್ಷಣೆಯಿದೆ. ಅದು ಗೂಡಿನಲ್ಲಿರುವಾಗ ಕದಲಿಸುವುದೂ ಅಪರಾಧ. ಬಾವಲಿಗಳಿದ್ದರೆ ಸಂಜೆ ಹೊರಬೀಳುವುದನ್ನು ಎಣಿಸುವ ಸಮೀಕ್ಷೆ ಬೇಸಿಗೆಯಲ್ಲಷ್ಟೇ ಆಗುತ್ತದೆ. ಛಾವಣಿ ಬಿಚ್ಚುವ ದಿನವನ್ನು ಗೊತ್ತುಮಾಡುವುದು ಅದಾದ ಮೇಲೆ.