ಮೆಷಿನ್‌ನ ಮೋಟಾರ್ ನಡೆಸುವ ಸರ್ವೋ ಡ್ರೈವ್‌ನಲ್ಲಿ ಬ್ಯಾಟರಿ ವಾರ್ನಿಂಗ್ ಬಂದಿದೆ. ಮೆಷಿನ್ ಆಫ್ ಮಾಡಿ ಬದಲಿಸಬಹುದೇ? ಡ್ರೈವ್‌ಗಳೂ ಅವುಗಳಿಗೆ ಆದೇಶ ಕೊಡುವ ಮೋಷನ್ ಕಂಟ್ರೋಲರ್ ಕೂಡ ಇರುವ ಪ್ಯಾನೆಲ್‌ನಲ್ಲಿ ಇನ್ನೇನು ನೋಡಿಕೊಳ್ಳಬೇಕು?

ಪೂರ್ತಿ ಆಫ್ ಮಾಡಬೇಡಿ. ವಾರ್ನಿಂಗ್ ಆಬ್ಸಲ್ಯೂಟ್ ಎನ್‌ಕೋಡರ್ (ಮೋಟಾರ್‌ನ ಸ್ಥಾನ ಅಳೆಯುವ ಸೆನ್ಸರ್) ಬ್ಯಾಟರಿಯದ್ದಾದರೆ ಮೋಟಾರ್ ಓಡಿಸುವ ಮೇನ್ ಪವರ್ ಮಾತ್ರ ತೆಗೆದು, ಡ್ರೈವ್‌ನ ಎಲೆಕ್ಟ್ರಾನಿಕ್ಸ್‌ಗೆ ಹೋಗುವ ಕಂಟ್ರೋಲ್ ಸಪ್ಲೈ ಆನ್ ಇರುವಾಗಲೇ ಬದಲಿಸಬೇಕು. ಕಂಟ್ರೋಲ್ ಸಪ್ಲೈಯೂ ಇಲ್ಲದಿರುವಾಗ ಬ್ಯಾಟರಿ ಕಳಚಿದರೆ ಮೋಟಾರ್ ಎಷ್ಟು ಸುತ್ತು ತಿರುಗಿದೆ ಎಂಬ ಲೆಕ್ಕ ಅಳಿಸಿಹೋಗುತ್ತದೆ. ಆಮೇಲೆ ಆ ಆಕ್ಸಿಸ್‌ನ (ಆ ಮೋಟಾರ್ ಚಲಿಸುವ ಭಾಗ) ಹೋಮ್ ಪೊಸಿಷನ್, ಅಂದರೆ ಅಳತೆ ಶುರುವಾಗುವ ಮೂಲ ಸ್ಥಾನ, ಹೊಸದಾಗಿ ಸೆಟ್ ಮಾಡುತ್ತ ಕೂರಬೇಕು.

ಮಲ್ಟಿಮೀಟರ್‌ನಲ್ಲಿ 3.6 ವೋಲ್ಟ್ ಬರುತ್ತಿದೆ ಎಂದು ಮುಂದೂಡಲೂ ಬೇಡಿ. ಇಂಥ ಡ್ರೈವ್‌ಗಳಲ್ಲಿ ಸಾಮಾನ್ಯವಾಗಿ ಇರುವ ಲಿಥಿಯಂ ಸೆಲ್ ಮುಗಿಯುವ ಹೊತ್ತಿನವರೆಗೂ ಹೆಚ್ಚುಕಡಿಮೆ ಅದೇ ವೋಲ್ಟೇಜ್ ತೋರಿಸಿ, ಕೊನೆಗೆ ಒಮ್ಮೆಲೇ ಕುಸಿಯುತ್ತದೆ. ಹಾಕಿದ ತಾರೀಖನ್ನು ಸ್ಟಿಕ್ಕರ್ ಮೇಲೆ ಬರೆದು, ಮ್ಯಾನುಯಲ್ ಹೇಳಿದ ಅವಧಿಗೆ ಬದಲಿಸುವುದೇ ಸರಿ.

ಇದಕ್ಕೆಲ್ಲ ಮೊದಲು ಬ್ಯಾಕಪ್: ಪ್ರೋಗ್ರಾಂ, ಪ್ರತಿ ಡ್ರೈವ್‌ನ ಪ್ಯಾರಾಮೀಟರ್, ಹೋಮ್ ಆಫ್‌ಸೆಟ್, ಫರ್ಮ್‌ವೇರ್ ವರ್ಷನ್. ಬ್ಯಾಕಪ್ ಇದ್ದರೆ ಡ್ರೈವ್ ಸುಟ್ಟರೂ ಹೊಸದನ್ನು ಕೂರಿಸಿ ಲೋಡ್ ಮಾಡಬಹುದು. ಇಲ್ಲದಿದ್ದರೆ ಟ್ಯೂನಿಂಗ್ (ಮೋಟಾರ್‌ಗೆ ತಕ್ಕಂತೆ ಡ್ರೈವ್ ಹೊಂದಿಸುವುದು) ಮೊದಲಿನಿಂದ.

ಉಳಿದಂತೆ ಡ್ರೈವ್‌ಗಳನ್ನು ಕೊಲ್ಲುವುದು ಹೆಚ್ಚಾಗಿ ಶಾಖ. ಒಳಗಿನ ಎಲೆಕ್ಟ್ರೋಲಿಟಿಕ್ ಕೆಪಾಸಿಟರ್‌ಗಳ ಆಯುಷ್ಯ ಪ್ರತಿ 10 ಡಿಗ್ರಿ ಸೆಲ್ಸಿಯಸ್ ಏರಿಕೆಗೆ ಸುಮಾರು ಅರ್ಧವಾಗುತ್ತದೆ. ಹಾಗಾಗಿ ತಿಂಗಳಿಗೊಮ್ಮೆ ಪ್ಯಾನೆಲ್ ಫಿಲ್ಟರ್ ತೆಗೆದು ಶುಚಿ ಮಾಡಿ, ಫ್ಯಾನ್‌ಗಳ ಸದ್ದು ಕೇಳಿ. ಕರಕರ ಎಂದರೆ ನಿಲ್ಲುವವರೆಗೆ ಕಾಯಬೇಡಿ. ಬಿಸಿಯಾಗುತ್ತದೆಂದು ಬಾಗಿಲು ತೆರೆದಿಟ್ಟು ಮುಂದೆ ಟೇಬಲ್ ಫ್ಯಾನ್ ಇಡುವುದು ಕೆಟ್ಟ ಅಭ್ಯಾಸ: ಎಣ್ಣೆಯ ಮಂಜು, ಲೋಹದ ಪುಡಿ ನೇರ ಬೋರ್ಡ್ ಮೇಲೆ ಕೂರುತ್ತದೆ. ಕಂಪ್ರೆಸರ್ ಗಾಳಿಯೂ ಬೇಡ, ಅದರಲ್ಲಿ ನೀರು, ಎಣ್ಣೆ ಇರುತ್ತದೆ. ಮೆತ್ತನೆಯ ಬ್ರಷ್, ವ್ಯಾಕ್ಯೂಮ್ ಸಾಕು.

ಬ್ಯಾಟರಿ ಬದಲಿಸುವುದನ್ನು ಬಿಟ್ಟು ಬೇರೆ ಕೆಲಸಕ್ಕೆ ಒಳಗೆ ಕೈ ಹಾಕುವಾಗ ಪೂರ್ತಿ ಆಫ್ ಮಾಡಿ, ಲಾಕ್ ಹಾಕಿ, ಡ್ರೈವ್ ಮೇಲೆ ಬರೆದಷ್ಟು ಹೊತ್ತು ಕಾಯಿರಿ. 400 ವೋಲ್ಟ್ ಸಪ್ಲೈನ ಡ್ರೈವ್‌ನಲ್ಲಿ ಡಿಸಿ ಬಸ್ (ಕೆಪಾಸಿಟರ್‌ಗಳಿರುವ ಒಳಗಿನ ಡಿಸಿ ಲೈನ್) ಸುಮಾರು 565 ವೋಲ್ಟ್ ಇರುತ್ತದೆ. ಚಾರ್ಜ್ ಲ್ಯಾಂಪ್ ಆರಿತೆಂದು ನಂಬದೆ ಮೀಟರ್ ಇಟ್ಟು ನೋಡಿ. ಲಂಬವಾಗಿ ಚಲಿಸುವ ಆಕ್ಸಿಸ್ ಇದ್ದರೆ ಬ್ರೇಕ್ ಒಂದನ್ನೇ ನೆಚ್ಚದೆ ಕೆಳಗೆ ಆಧಾರ ಕೊಡಿ.

ಮೋಟಾರ್ ಇನ್ಸುಲೇಷನ್ ಮೆಗ್ಗರ್‌ನಿಂದ (ಹೆಚ್ಚು ವೋಲ್ಟೇಜ್ ಕೊಟ್ಟು ಇನ್ಸುಲೇಷನ್ ಅಳೆಯುವ ಮೀಟರ್) ನೋಡುವುದಾದರೆ ಪವರ್ ಕೇಬಲನ್ನು ಡ್ರೈವ್‌ನಿಂದ ಮೊದಲು ಬಿಚ್ಚಿ. ಮರೆತರೆ ಮೆಗ್ಗರ್‌ನ ವೋಲ್ಟೇಜ್ ಡ್ರೈವ್‌ನೊಳಗೇ ಹೋಗಿ ಐಜಿಬಿಟಿ (ಮೋಟಾರ್‌ಗೆ ಕರೆಂಟ್ ಕೊಡುವ ಪವರ್ ಟ್ರಾನ್ಸಿಸ್ಟರ್) ಹಾಳಾಗಬಹುದು. ಎನ್‌ಕೋಡರ್ ಕೇಬಲ್‌ಗಂತೂ ಮೆಗ್ಗರ್ ತಾಗಿಸಲೇಬಾರದು. ಆಗೊಮ್ಮೆ ಈಗೊಮ್ಮೆ ಬಂದು ಹೋಗುವ ಎನ್‌ಕೋಡರ್ ಅಲಾರಂಗೆ ಡ್ರೈವ್ ಬದಲಿಸುವ ಮುನ್ನ ಡ್ರ್ಯಾಗ್ ಚೈನ್‌ನಲ್ಲಿ (ಚಲಿಸುವ ಕೇಬಲ್ ಹಿಡಿದಿಡುವ ಸರಪಳಿ) ಮಡಚಿ ಮಡಚಿ ಕೇಬಲ್ ಒಳಗೇ ತುಂಡಾದ ಎಳೆ, ಸಡಿಲವಾದ ಶೀಲ್ಡ್ ಕ್ಲ್ಯಾಂಪ್ (ಕೇಬಲ್‌ನ ಲೋಹದ ಹೊದಿಕೆ ಹಿಡಿಯುವ ಕ್ಲಿಪ್) ನೋಡಿ.

ಸ್ಟೋರ್‌ನಲ್ಲಿರುವ ಸ್ಪೇರ್ ಡ್ರೈವ್‌ಗೂ ಗಮನ ಬೇಕು. ವರ್ಷಗಟ್ಟಲೆ ಕರೆಂಟ್ ಕಾಣದ ಕೆಪಾಸಿಟರ್‌ಗೆ ಒಮ್ಮೆಲೇ ಪೂರ್ತಿ ವೋಲ್ಟೇಜ್ ಕೊಟ್ಟರೆ ಸಿಡಿಯಬಹುದು. ಮ್ಯಾನುಯಲ್‌ನಲ್ಲಿರುವ ರಿಫಾರ್ಮಿಂಗ್ (ಕೆಪಾಸಿಟರನ್ನು ಮತ್ತೆ ಬಳಕೆಗೆ ಸಿದ್ಧಮಾಡುವ) ಕ್ರಮದಂತೆ ವೋಲ್ಟೇಜ್ ಹಂತಹಂತವಾಗಿ ಏರಿಸಿ.